ಎರವಲು ವಿಳಾಸದಲ್ಲಿ ಎಷ್ಟು ದಿನ?

(ಚಿಕ್ಕೋಡಿ, ನಿಪ್ಪಾಣಿ, ರಾಯಬಾಗ, ಅಥಣಿ, ಕಾಗವಾಡದ ಕನ್ನಡ ತರುಣ ತರುಣಿಯರ ಮುಂದೆ ಆಡಿದ ಮಾತುಗಳ ಬರಹ ರೂಪ)

ಗಡಿನಾಡಿನ ಕನ್ನಡ ತರುಣ ತರುಣಿಯರೇ,

ಮೊದಲಿಗೆ ಒಂದು ಪ್ರಶ್ನೆ. "ಇದು ನಿಮ್ಮ ಪ್ರದೇಶದಲ್ಲಿ ಲಭ್ಯವಿಲ್ಲ" ಎಂಬ ಮಾತನ್ನು ನಿಮ್ಮ ಮೊಬೈಲಿನಲ್ಲಿ ಎಷ್ಟು ಮಂದಿ ಓದಿದ್ದೀರಿ? ಕೈ ಎತ್ತಿ. ನೋಡಿ, ಹೆಚ್ಚು ಕಡಿಮೆ ಎಲ್ಲರ ಕೈಯೂ ಮೇಲಿದೆ. ಆಗ ಏನು ಮಾಡಿದಿರಿ? ಕೆಲವರು ಬೈದು ಸುಮ್ಮನಾದಿರಿ. ಕೆಲವರು ಗೆಳೆಯನನ್ನು ಕೇಳಿ 'ಪ್ರಾಕ್ಸಿ' ಹಾಕಿ ಒಳಗೆ ನುಗ್ಗಿದಿರಿ. ನುಗ್ಗಿದವರ ಮುಖದಲ್ಲಿ ಗೆದ್ದ ನಗು ಕಾಣುತ್ತಿದೆ. ಇಂದು ನನ್ನ ಮಾತು ಆ ನಗುವಿನ ಬಗ್ಗೆಯೇ. ಬಾಗಿಲು ಹಾಕಿದವರು ಯಾರು? ನೀವು ಹೊಕ್ಕ ಕಿಂಡಿ ಯಾರದು? ಅದಕ್ಕೆ ತೆತ್ತ ಬೆಲೆ ಏನು? ಕೊನೆಗೆ, ಕಿಂಡಿಯಲ್ಲಿ ನುಸುಳಿಯೇ ಒಂದು ಭಾಷೆ ಬದುಕಲು ಸಾಧ್ಯವೇ?

ನೀನು ಯಾವೂರವ?

ಆಕಾಶವಾಣಿ ಧಾರವಾಡ ಶುರುವಾದದ್ದು 1950ರಲ್ಲಿ. ಅದರ ಅಲೆ ಕೃಷ್ಣೆ ದಾಟಿ ಅಥಣಿ, ಕಾಗವಾಡದ ಮನೆಗಳಿಗೆ ಬರುವಾಗ "ನೀನು ಯಾವೂರವ" ಎಂದು ಯಾರನ್ನೂ ಕೇಳಲಿಲ್ಲ. ರೇಡಿಯೋ ಇದ್ದರೆ ಸಾಕು, ಹಾಡು ಬಂತು. ಅಂತರ್ಜಾಲ ಹಾಗಲ್ಲ. ನೀವು ಪುಟ ಕೇಳಿದ ಕೂಡಲೇ ಅದು ನಿಮ್ಮ ವಿಳಾಸ ಕೇಳುತ್ತದೆ. ಪುಟವನ್ನು ತಿರುಗಿ ಕಳಿಸಲು ವಿಳಾಸ ಬೇಕೇ ಬೇಕಲ್ಲ! ಆ ಅಂಕಿಗಳ ವಿಳಾಸಕ್ಕೆ ಐಪಿ ವಿಳಾಸ ಎನ್ನುತ್ತಾರೆ. ಅದನ್ನು ನೀವು ಆರಿಸಿಕೊಂಡದ್ದಲ್ಲ. ನಿಮ್ಮ ದೂರವಾಣಿ ಕಂಪನಿ ಹಚ್ಚಿದ್ದು.

ಯಾವ ಅಂಕಿ ಯಾವ ದೇಶದ್ದು, ಯಾವ ಊರಿನದ್ದು ಎಂದು ಪಟ್ಟಿ ಮಾಡಿ ಮಾರುವ ಕಂಪನಿಗಳಿವೆ. ಜಾಲತಾಣದವರು ಆ ಪಟ್ಟಿ ಇಟ್ಟುಕೊಂಡು ಬಾಗಿಲಲ್ಲಿ ನಿಲ್ಲುತ್ತಾರೆ. ನಿಮ್ಮ ಭಾಷೆ ಕೇಳುವುದಿಲ್ಲ, ನಿಮ್ಮ ಹಸಿವು ಕೇಳುವುದಿಲ್ಲ. ಅಂಕಿ ನೋಡುತ್ತಾರೆ, ಒಳಗೆ ಬಿಡುತ್ತಾರೆ ಇಲ್ಲವೇ ಹೊರಗೆ ನಿಲ್ಲಿಸುತ್ತಾರೆ.

ಪಟ್ಟಿಯಾದರೂ ಸರಿಯಿರುತ್ತದೆಯೇ? ದೇಶದ ಮಟ್ಟಿಗೆ ಬಹುತೇಕ ಸರಿ. ಊರಿನ ಮಟ್ಟಿಗೆ ಬಂದರೆ ದೇವರೇ ಗತಿ. ಅಮೆರಿಕದ ಕ್ಯಾನ್ಸಸ್ ರಾಜ್ಯದಲ್ಲಿ ಪಾಟ್ವಿನ್ ಎಂಬ ಪುಟ್ಟ ಊರಿದೆ. ಅದರ ಹತ್ತಿರ ಒಂದು ತೋಟದ ಮನೆ. ಎಲ್ಲಿಯದೆಂದು ಪತ್ತೆಯಾಗದ ಅಮೆರಿಕದ ವಿಳಾಸಗಳನ್ನೆಲ್ಲ ಒಂದು ಪಟ್ಟಿ ಕಂಪನಿ ದೇಶದ ನಡುಮಧ್ಯ ಎಂದು ಆ ಜಾಗಕ್ಕೆ ಬರೆದುಬಿಟ್ಟಿತ್ತು. 2016ರಲ್ಲಿ ಸಂಗತಿ ಹೊರಬಿದ್ದಾಗ ಆ ಒಂದೇ ಮನೆಗೆ ಅಂಟಿದ್ದ ವಿಳಾಸಗಳು 60 ಕೋಟಿ! ಎಲ್ಲೋ ನಡೆದ ಮೋಸಕ್ಕೆ ಪೊಲೀಸರು ಬಂದು ಆ ಮನೆಯ ಬಾಗಿಲು ಬಡಿಯುತ್ತಿದ್ದರು.

ಗಡಿಯವರಾದ ನಿಮಗೆ ಇದು ಹೊಸದೇನಲ್ಲ. ರೋಮಿಂಗ್ ಶುಲ್ಕ ಇದ್ದ ಕಾಲ ನೆನಪಿಸಿಕೊಳ್ಳಿ. ನಿಪ್ಪಾಣಿಯ ಮನೆಯಲ್ಲೇ ಕೂತಿದ್ದರೂ ಫೋನು ಗಡಿಯಾಚೆಯ ಟವರ್ ಹಿಡಿದರೆ ಸಾಕು, ನೀವು ಪರರಾಜ್ಯದ ಅತಿಥಿ. ಮಾತಿಗೆ ಹೆಚ್ಚಿನ ಕಾಸು. 2016-17ರ ಸುಮಾರಿಗೆ ಕಂಪನಿಗಳು ಆ ಶುಲ್ಕ ಬಿಟ್ಟವು. ಅದಕ್ಕೂ ಹಿಂದಕ್ಕೆ ಹೋಗಿ. ಚಿಕ್ಕೋಡಿ, ಅಥಣಿ ಮುಂಬೈ ಪ್ರಾಂತದ ಬೆಳಗಾವಿ ಜಿಲ್ಲೆಯಲ್ಲಿದ್ದವು. ರಾಯಬಾಗ ಕೊಲ್ಲಾಪುರ ಸಂಸ್ಥಾನದ್ದಾಗಿತ್ತು. 1956ರ ನವೆಂಬರ್ 1ಕ್ಕೆ ವಿಳಾಸ ಬದಲಾಯಿತು. ಒಂದು ಮನೆಯೂ ಕದಲಲಿಲ್ಲ, ಒಂದು ಬಾವಿಯೂ ಸರಿಯಲಿಲ್ಲ. ವಿಳಾಸ ಎನ್ನುವುದು ಬೇರೆಯವರು ಬರೆಯುವ ಚೀಟಿ, ಊರು ಎನ್ನುವುದು ನೀವು ಬದುಕುವ ನೆಲ. ಈ ವ್ಯತ್ಯಾಸ ನಿಮಗಿಂತ ಚೆನ್ನಾಗಿ ಬಲ್ಲವರು ಯಾರು?

ಬದಲಿ ಹಾಜರಿ

ಪ್ರಾಕ್ಸಿ ಎಂದರೇನು? ಕಾಲೇಜಿಗೆ ಹೋದವರಿಗೆ ಕಲಿಸಬೇಕೇ! ನೀವು ಸಿನಿಮಾಕ್ಕೆ ಹೋದ ದಿನ ಗೆಳೆಯ ನಿಮ್ಮ ಹೆಸರಿಗೆ "ಎಸ್ ಸರ್" ಎಂದನಲ್ಲ, ಅದೇ ಪ್ರಾಕ್ಸಿ. ಜಾಲದಲ್ಲಿಯೂ ಅಷ್ಟೇ. ನೀವು ರಾಯಬಾಗದಲ್ಲಿ ಕೂತು ಅಮೆರಿಕದ ಒಂದು ಕಂಪ್ಯೂಟರಿಗೆ "ಆ ಪುಟ ತಂದುಕೊಡು" ಎನ್ನುತ್ತೀರಿ. ಅದು ತನ್ನ ವಿಳಾಸ ಹೇಳಿ ಪುಟ ತರುತ್ತದೆ, ನಿಮಗೆ ದಾಟಿಸುತ್ತದೆ. ಬಾಗಿಲಲ್ಲಿದ್ದವನು ಅಮೆರಿಕದವನು ಬಂದ ಎಂದುಕೊಳ್ಳುತ್ತಾನೆ. ಬ್ರೌಸರಿನಲ್ಲೇ ಒಂದು ಡಬ್ಬಿಯೊಳಗೆ ವಿಳಾಸ ಬರೆದು ತೆರೆಯುವುದು ವೆಬ್ ಪ್ರಾಕ್ಸಿ. ಫೋನಿನ ಎಲ್ಲ ಸಂಚಾರವನ್ನೂ ಗೂಢಲಿಪಿಯ ಸುರಂಗದಲ್ಲಿ ಹಾಯಿಸುವುದು ವಿಪಿಎನ್.

ಈ ಉಪಾಯ ನಮ್ಮ ಸೀಮೆಗೆ ಹೊಸದೂ ಅಲ್ಲ. ಅಥಣಿ, ನಿಪ್ಪಾಣಿಯ ಕುಶಲಕರ್ಮಿಗಳು ಹೊಲಿದ ಚಪ್ಪಲಿ ಯಾವ ಹೆಸರಿನಲ್ಲಿ ಜಗತ್ತು ಸುತ್ತಿತು? ಕೊಲ್ಲಾಪುರಿ ಎಂಬ ಹೆಸರಿನಲ್ಲಿ! ಕೈ ನಮ್ಮದು, ವಿಳಾಸ ಪೇಟೆಯದು. 2018ರಲ್ಲಿ ಆ ಚಪ್ಪಲಿಗೆ ಭೌಗೋಳಿಕ ಗುರುತು ಸಿಕ್ಕಾಗ ಮಹಾರಾಷ್ಟ್ರದ 4 ಜಿಲ್ಲೆಗಳ ಜೊತೆಗೆ ಬೆಳಗಾವಿ, ಬಾಗಲಕೋಟೆ, ಧಾರವಾಡ, ವಿಜಯಪುರ ಜಿಲ್ಲೆಗಳ ಹೆಸರೂ ಸೇರಿತು. ಎರವಲು ಹೆಸರಿನಲ್ಲಿ ಮಾಲು ಮಾರಿತು ನಿಜ. ಹೊಲಿದವನ ಹೆಸರು ಕಾಗದದ ಮೇಲೆ ಬರಲು ಎಷ್ಟು ಕಾಲ ಬೇಕಾಯಿತು, ಯೋಚಿಸಿ.

ಬೀಗ ಹಾಕಿದವರು ಯಾರು?

ಎಲ್ಲ ಬೀಗವೂ ಒಂದೇ ಅಲ್ಲ. ಪ್ರಾಕ್ಸಿ ಮುಟ್ಟುವ ಮೊದಲು ಬೀಗ ಯಾರದೆಂದು ಕೇಳಿ.

ಒಂದು, ವ್ಯಾಪಾರದ ಬೀಗ. ಸಿನಿಮಾದ ಹಕ್ಕನ್ನು ದೇಶ ದೇಶಕ್ಕೆ ತುಂಡು ಮಾಡಿ ಮಾರುತ್ತಾರೆ. ಇಲ್ಲಿ ತೆರೆಯುವ ಕನ್ನಡ ಚಿತ್ರ ಜರ್ಮನಿಯ ಕನ್ನಡಿಗನಿಗೆ ತೆರೆಯದೆ ಹೋಗುವುದು ಇದರಿಂದ. ಅಲ್ಲಿ ಹಕ್ಕು ಕೊಂಡವರೇ ಇಲ್ಲದಿದ್ದರೆ ದುಡ್ಡು ಕೊಡುತ್ತೇನೆಂದರೂ ಚಿತ್ರ ಸಿಗದು.

ಎರಡು, ಅಂಜಿಕೆಯ ಬೀಗ. 2018ರ ಮೇ 25ರಂದು ಯುರೋಪಿನಲ್ಲಿ ಖಾಸಗಿ ಮಾಹಿತಿ ಕಾಯುವ ಹೊಸ ಕಾನೂನು ಜಾರಿಗೆ ಬಂತು. ಆ ದಿನವೇ ಲಾಸ್ ಏಂಜಲೀಸ್ ಟೈಮ್ಸ್, ಶಿಕಾಗೊ ಟ್ರಿಬ್ಯೂನ್‌ನಂಥ ದೊಡ್ಡ ಪತ್ರಿಕೆಗಳು ಯುರೋಪಿನ ಓದುಗರಿಗೆ ಬಾಗಿಲು ಹಾಕಿದವು. ಕಾನೂನು ಪಾಲಿಸುವುದಕ್ಕಿಂತ ಓದುಗನನ್ನು ಹೊರಗಿಡುವುದು ಸುಲಭವಾಗಿ ಕಂಡಿತು.

ಮೂರು, ಸರಕಾರದ ಬೀಗ. ಮಾಹಿತಿ ತಂತ್ರಜ್ಞಾನ ಕಾಯ್ದೆಯ 69ಎ ಕಲಮಿನಡಿ ಕೇಂದ್ರ ಸರಕಾರ ತಾಣಗಳನ್ನು ಮುಚ್ಚಿಸುತ್ತದೆ. 2020ರ ಜೂನ್ 29ರಂದು ಟಿಕ್‌ಟಾಕ್ ಸೇರಿ 59 ಆಪ್‌ಗಳು ಹೋದದ್ದು ಹೀಗೆಯೇ. ನ್ಯಾಯಾಲಯಗಳೂ ಮುಚ್ಚಿಸುತ್ತವೆ. ಇನ್ನೊಂದು ಕಡೆ, ನಮ್ಮ ಅನೇಕ ಸರಕಾರಿ ತಾಣಗಳು ಭದ್ರತೆಯ ಕಾರಣಕ್ಕೆ ವಿದೇಶದ ವಿಳಾಸಕ್ಕೆ ತೆರೆಯುವುದೇ ಇಲ್ಲ. ಕೊಲ್ಲಿ ದೇಶದಲ್ಲಿ ದುಡಿಯುವ ಅಣ್ಣ ಅಲ್ಲಿ ಕೂತು ಅಂಥ ತಾಣದಲ್ಲಿ ಊರ ಹೊಲದ ಕಾಗದ ನೋಡಹೋದರೆ ಬಾಗಿಲು ಮುಚ್ಚಿರುತ್ತದೆ. ಆತ ಅಲ್ಲಿ ವಿಪಿಎನ್ ಹಾಕುವ ಮೊದಲು ಆ ನೆಲದ ಕಾನೂನು ತಿಳಿಯಬೇಕು. ಯುಎಇಯಲ್ಲಿ ಅಪರಾಧ ಮಾಡಲು ಅಥವಾ ಮುಚ್ಚಿಡಲು ಐಪಿ ವಿಳಾಸ ಮರೆಮಾಚಿದರೆ 5 ಲಕ್ಷದಿಂದ 20 ಲಕ್ಷ ದಿರ್ಹಂವರೆಗೆ ದಂಡವಿದೆ. ಅದಕ್ಕಿಂತ ಊರಲ್ಲಿರುವ ತಂಗಿ ಆ ಕಾಗದ ತೆರೆದು ಕಳಿಸಿದರೆ ಸಾಕು. ನಂಬಿಕಸ್ಥ ಮನುಷ್ಯನಿಗಿಂತ ಒಳ್ಳೆಯ ಪ್ರಾಕ್ಸಿ ಇಲ್ಲ!

ಪುಕ್ಕಟೆ ಮಜ್ಜಿಗೆಯ ಬೆಲೆ

ನಮ್ಮ ದೇಶದಲ್ಲಿ ಪ್ರಾಕ್ಸಿ, ವಿಪಿಎನ್ ಬಳಸುವುದೇ ಅಪರಾಧ ಎನ್ನುವ ಸಾರ್ವತ್ರಿಕ ಕಾನೂನು ಇಲ್ಲ. ಕೆಲವು ಜಿಲ್ಲೆಗಳಲ್ಲಿ ಆಗಾಗ ತಾತ್ಕಾಲಿಕ ನಿಷೇಧ ಬಂದದ್ದುಂಟು. ಹಾಗೆಂದು ಮೈಮರೆಯಬೇಡಿ. ವೇಷ ಹಾಕಿ ಮಾಡಿದ ತಪ್ಪೂ ತಪ್ಪೇ. ಸರಕಾರ, ಕೋರ್ಟು ಮುಚ್ಚಿಸಿದ್ದನ್ನು ಹಿಂದಿನ ಬಾಗಿಲಿನಿಂದ ತೆರೆಯಿರಿ ಎಂದು ನಾನು ಹೇಳುತ್ತಿಲ್ಲ. ಅನ್ಯಾಯ ಎನಿಸಿದರೆ ಹೋರಾಟದ ದಾರಿ ಇದೆ. 2022ರ ಏಪ್ರಿಲ್ 28ರ ಸರ್ಟ್-ಇನ್ ಆದೇಶದ ಪ್ರಕಾರ ವಿಪಿಎನ್ ಕಂಪನಿಗಳು ಗಿರಾಕಿಯ ಹೆಸರು, ವಿಳಾಸ, ಐಪಿ ಅಂಕಿಗಳನ್ನು 5 ವರ್ಷ ಕಾದಿಡಬೇಕು. ಆ ವರ್ಷವೇ ಹಲವು ದೊಡ್ಡ ಕಂಪನಿಗಳು ಭಾರತದಲ್ಲಿದ್ದ ತಮ್ಮ ಸರ್ವರ್‌ಗಳನ್ನು ಕಿತ್ತುಕೊಂಡು ಹೋದವು.

ಇನ್ನು ಉಚಿತ ಪ್ರಾಕ್ಸಿಗಳ ಕತೆ. ನಿಮ್ಮ ಪತ್ರವನ್ನು ಬೇರೆಯವನ ಕೈಯಲ್ಲಿ ಕೊಟ್ಟು "ಓದದೆ ಮುಟ್ಟಿಸು" ಎಂದರೆ ಓದದೆ ಇರುತ್ತಾನೆಯೇ? ವೆಬ್ ಪ್ರಾಕ್ಸಿಯಲ್ಲಿ ನೀವು ಕಾಣುವ ಬೀಗದ ಚಿತ್ರ ನಿಮ್ಮಿಂದ ಪ್ರಾಕ್ಸಿಯವರೆಗೆ ಮಾತ್ರ. ಅಲ್ಲಿ ಪತ್ರ ಬಿಚ್ಚಿಯೇ ಮುಂದೆ ಹೋಗುವುದು. ಆದ್ದರಿಂದ ಪಾಸ್‌ವರ್ಡ್, ಓಟಿಪಿ, ಬ್ಯಾಂಕಿನ ಲೆಕ್ಕ, ಆಧಾರ್ ಅಂಕಿ ಯಾವುದನ್ನೂ ಅಲ್ಲಿ ಒತ್ತಬೇಡಿ. 2015ರಲ್ಲಿ ಹೋಲಾ ಎಂಬ ಉಚಿತ ಸೇವೆಯ ಗುಟ್ಟು ಬಯಲಾಯಿತು. ಪುಕ್ಕಟೆ ಬಳಸುವವರ ಸಂಪರ್ಕವನ್ನೇ ಅದು ದುಡ್ಡು ಕೊಟ್ಟವರಿಗೆ ಮಾರುತ್ತಿತ್ತು. ಎಲ್ಲೋ ಇರುವ ಅಪರಿಚಿತ ನಿಮ್ಮ ವಿಳಾಸ ಹೊದ್ದು ಊರು ಸುತ್ತಬಹುದಿತ್ತು. ನೀವು ಬೇರೆಯವರ ಅಂಗಿ ತೊಟ್ಟಿರಿ, ನಿಮ್ಮ ಅಂಗಿ ತೊಟ್ಟು ಯಾರೋ ಕಳ್ಳತನಕ್ಕೆ ಹೋದರು! ಪುಕ್ಕಟೆ ಮಜ್ಜಿಗೆ ಕೊಡುವವನ ಎಮ್ಮೆ ಯಾರದೆಂದು ಕೇಳಬೇಡವೇ?

ಪುಸ್ತಕ ನಮ್ಮದು, ಬೀಗ ಯಾರದು?

ಈಗ ನನ್ನ ಮನಸ್ಸನ್ನು ಕೊರೆಯುತ್ತಿರುವ ಮಾತಿಗೆ ಬರುತ್ತೇನೆ. ಸಿನಿಮಾ ಸಿಗದಿದ್ದರೆ ಒಂದು ಸಂಜೆ ಹಾಳು. ನಮ್ಮದೇ ಪುಸ್ತಕ ನಮಗೆ ಸಿಗದಿದ್ದರೆ?

ಅಮೆರಿಕದ ಮಿಶಿಗನ್ ವಿಶ್ವವಿದ್ಯಾಲಯದಲ್ಲಿ ನೆಲೆಸಿದ ಹಾಥಿಟ್ರಸ್ಟ್ ಎಂಬ ಪುಸ್ತಕ ಭಂಡಾರವಿದೆ. 2008ರಲ್ಲಿ ಶುರುವಾಯಿತು. ಆನೆ ಮರೆಯುವುದಿಲ್ಲ ಎಂದು ಹಿಂದಿಯ 'ಹಾಥಿ' ಎಂಬ ಮಾತನ್ನೇ ಹೆಸರಾಗಿ ಇಟ್ಟುಕೊಂಡಿದ್ದಾರೆ. ಹೆಸರು ಕೂಡ ನಮ್ಮ ದೇಶದ್ದು! ಅಮೆರಿಕದ ವಿಶ್ವವಿದ್ಯಾಲಯಗಳ ಕಪಾಟಿನ 1.8 ಕೋಟಿಗೂ ಹೆಚ್ಚು ಸಂಪುಟಗಳ ಚಿತ್ರರೂಪ ಅಲ್ಲಿದೆ. ಅವುಗಳಲ್ಲಿ ಕನ್ನಡವೂ ಇದೆ. ಕನ್ನಡ ಪುಸ್ತಕ ಅಷ್ಟು ದೂರ ಹೇಗೆ ಹೋಯಿತು? ನಮಗೆ ಗೋಧಿ ಕೊಟ್ಟ ಪಿಎಲ್ 480 ಕಾನೂನಿನಡಿ ಸೇರಿದ ರೂಪಾಯಿಯಲ್ಲಿ 1962ರಿಂದ ಅಮೆರಿಕದ ಗ್ರಂಥಾಲಯಗಳಿಗಾಗಿ ಭಾರತೀಯ ಭಾಷೆಗಳ ಪುಸ್ತಕ ಕೊಂಡರು. ನಮ್ಮ ಊರಲ್ಲಿ ಗೆದ್ದಲು ತಿಂದದ್ದು ಅಲ್ಲಿ ತಂಪು ಕೋಣೆಯಲ್ಲಿ ಉಳಿಯಿತು. ಅದಕ್ಕಾಗಿ ಕೈ ಮುಗಿಯೋಣ.

ಆದರೆ ಬಾಗಿಲಿನ ನಿಯಮ ನೋಡಿ. ಅಮೆರಿಕದ ಕಾನೂನಿನಲ್ಲಿ ಅಚ್ಚಾಗಿ 95 ವರ್ಷ ದಾಟಿದ ಪುಸ್ತಕ ಸಾರ್ವಜನಿಕ. ಬೇರೆ ದೇಶಗಳ ಕಾನೂನು ಲೇಖಕನ ಮರಣದಿಂದ ಲೆಕ್ಕ ಹಾಕುತ್ತದೆ. ಪ್ರತಿ ಲೇಖಕನ ಮರಣದ ವರ್ಷ ಹುಡುಕುವವರು ಯಾರು? ಆದ್ದರಿಂದ ಭಂಡಾರದವರು, ಅಮೆರಿಕದ ಹೊರಗೆ ಅಚ್ಚಾದ ಇಪ್ಪತ್ತನೆಯ ಶತಮಾನದ ಹಳೆಯ ಪುಸ್ತಕಗಳನ್ನು ಸಾಮಾನ್ಯವಾಗಿ ಅಮೆರಿಕದ ವಿಳಾಸದವರಿಗೆ ಮಾತ್ರ ಪೂರ್ತಿ ತೆರೆಯುತ್ತಾರೆ. ಉಳಿದ ಲೋಕಕ್ಕೆ ಹುಡುಕಾಟವಷ್ಟೇ. ಯಾವ ಪುಟದಲ್ಲಿ ಪದವಿದೆ ಎಂದು ಹೇಳುತ್ತದೆ, ಪುಟ ತೋರಿಸುವುದಿಲ್ಲ. ದ್ವೇಷದಿಂದ ಮಾಡಿದ್ದಲ್ಲ. ಅಂಜಿಕೆಯ ಬೀಗ ಎಂದೆನಲ್ಲ, ಅದೇ ಇದು.

ಒಂದು ಉದಾಹರಣೆ ತೂಗಿ ನೋಡಿ. ಆಲೂರು ವೆಂಕಟರಾಯರ 'ಕರ್ನಾಟಕ ಗತವೈಭವ' ಅಚ್ಚಾದದ್ದು 1917ರಲ್ಲಿ. ಮುಂಬೈ ಪ್ರಾಂತದಲ್ಲಿ, ಸಂಸ್ಥಾನಗಳಲ್ಲಿ ಚೂರುಚೂರಾಗಿದ್ದ ಕನ್ನಡಿಗನಿಗೆ "ನೀನು ಯಾರು" ಎಂದು ತಿಳಿಸಿಕೊಟ್ಟ ಪುಸ್ತಕ. ರಾಯರು ತೀರಿಕೊಂಡದ್ದು 1964ರಲ್ಲಿ. ನಮ್ಮ 1957ರ ಕೃತಿಸ್ವಾಮ್ಯ ಕಾಯ್ದೆಯಂತೆ ಲೇಖಕ ತೀರಿದ ವರ್ಷದ ಮುಂದಿನ ಜನವರಿಯಿಂದ 60 ವರ್ಷ ಲೆಕ್ಕ. ಅಂದರೆ 2025ರ ಜನವರಿ 1ರಿಂದ ಅವರ ಬರಹ ನಮ್ಮ ನೆಲದಲ್ಲಿ ಎಲ್ಲರ ಸೊತ್ತು. ಆ 1917ರ ಪ್ರತಿಯೊಂದು ಅಮೆರಿಕದ ಅಂಥ ಕಪಾಟಿನಲ್ಲಿದೆ ಎಂದುಕೊಳ್ಳಿ. ಕನ್ನಡದ ಒಂದಕ್ಷರ ಬಾರದ ಕ್ಯಾನ್ಸಸ್ ಹುಡುಗ ಅದನ್ನು ತೆರೆಯಬಹುದು. ಅದಕ್ಕಾಗಿ ಕಾಯುತ್ತಿರುವ ಕಾಗವಾಡದ ಹುಡುಗಿ ತೆರೆಯಲಾರಳು! ನಮ್ಮ ಕಾನೂನು ಬೇಡವೆಂದಿಲ್ಲ, ರಾಯರು ಬೇಡವೆಂದಿಲ್ಲ. ಅವಳ ಅಂಕಿ ಬೇಡವೆನ್ನುತ್ತದೆ.

ಇಲ್ಲಿ ಪ್ರಾಕ್ಸಿ ಹಾಕಬಹುದೇ ಎಂದು ಕೇಳುತ್ತೀರಿ. ನೇರ ಉತ್ತರ ಹೇಳುತ್ತೇನೆ. ನಮ್ಮ ಕಾನೂನಿನಲ್ಲಿ ಹಕ್ಕು ತೀರಿದ ಪುಸ್ತಕ ಓದಿದರೆ ಲೇಖಕನಿಗೆ ಅನ್ಯಾಯವಿಲ್ಲ. ಆದರೆ ಭಂಡಾರದ ನಿಯಮ ಮುರಿದಂತಾಗುತ್ತದೆ, ಅದು ತಿಳಿದಿರಲಿ. ಅದಕ್ಕಿಂತ ದೊಡ್ಡ ಮಾತು ಬೇರೆ. ಪ್ರಾಕ್ಸಿಯಿಂದ ಓದಿದವನು ನೀನೊಬ್ಬ, ಓದಿದ್ದು ಒಂದು ರಾತ್ರಿ. ಬೆಳಗಾದರೆ ಆ ಪ್ರಾಕ್ಸಿ ಸತ್ತಿರುತ್ತದೆ, ಇಲ್ಲವೇ ಅದರ ಅಂಕಿಯೂ ಕಪ್ಪುಪಟ್ಟಿಗೆ ಸೇರಿರುತ್ತದೆ. ಪಕ್ಕದ ಮನೆಯ ತಮ್ಮನಿಗೆ ಬಾಗಿಲು ಇನ್ನೂ ಮುಚ್ಚಿಯೇ ಇದೆ. ಇದನ್ನು ಗೆಲುವು ಎನ್ನುವುದೇ?

ಒಂದೇ ಕಣಜವೂ ಸಾಲದು

"ಇಂಟರ್‌ನೆಟ್ ಆರ್ಕೈವ್ ಇದೆಯಲ್ಲ" ಎನ್ನುವವರಿದ್ದೀರಿ. ಹೌದು, ಇದೆ, ಅಲ್ಲಿ ಹಳೆಯ ಕನ್ನಡ ಪುಸ್ತಕಗಳು ರಾಶಿ ರಾಶಿ ಸಿಗುತ್ತವೆ, ಯಾವ ದೇಶದವನೆಂದು ಕೇಳದೆ. ಭಾರತ ಸರಕಾರದ ನೆರವಿನ ಡಿಜಿಟಲ್ ಲೈಬ್ರರಿ ಆಫ್ ಇಂಡಿಯಾ ಬಾಗಿಲು ಮುಚ್ಚಿದಾಗ ಅದರ ಲಕ್ಷಾಂತರ ಪುಸ್ತಕಗಳಿಗೆ ಆಸರೆ ಸಿಕ್ಕದ್ದು ಅಲ್ಲಿಯೇ. ಬೆಂಗಳೂರಿನ ಸರ್ವೆಂಟ್ಸ್ ಆಫ್ ನಾಲೆಡ್ಜ್ ಬಳಗದವರು ಕನ್ನಡ ಪುಸ್ತಕಗಳನ್ನು ಸ್ಕ್ಯಾನ್ ಮಾಡಿ ಅಲ್ಲಿಗೆ ಏರಿಸುತ್ತಲೇ ಬಂದಿದ್ದಾರೆ. ಆದರೆ ಆ ಕಣಜಕ್ಕೂ ಬೀಗ ಬಿದ್ದದ್ದುಂಟು. 2017ರ ಆಗಸ್ಟಿನಲ್ಲಿ ಹಿಂದಿ ಸಿನಿಮಾಗಳ ಕಳ್ಳಪ್ರತಿ ತಡೆಯಲು ಮದ್ರಾಸ್ ಹೈಕೋರ್ಟಿನಿಂದ ಆದೇಶ ಬಂತು. ಮುಚ್ಚಬೇಕಾದ 2,600ಕ್ಕೂ ಹೆಚ್ಚು ತಾಣಗಳ ಪಟ್ಟಿಯಲ್ಲಿ ಇಂಟರ್‌ನೆಟ್ ಆರ್ಕೈವ್ ಕೂಡ ಸೇರಿತ್ತು. ಸಿನಿಮಾದ ಜಗಳದಲ್ಲಿ ಕೆಲ ಕಾಲ ಕನ್ನಡದ ಹಳೆಯ ಪುಸ್ತಕಗಳೂ ಮುಚ್ಚಿಹೋದವು! 2024ರ ಅಕ್ಟೋಬರಿನಲ್ಲಿ ದುಷ್ಟರ ದಾಳಿಗೆ ಅದೇ ತಾಣ ದಿನಗಟ್ಟಲೆ ನಿಂತುಹೋಯಿತು.

ಪಾಠ ಏನು? ಬೀಜವನ್ನು ಒಂದೇ ಕಣಜದಲ್ಲಿ ಇಡುವ ರೈತ ಬುದ್ಧಿವಂತನಲ್ಲ. ನಮ್ಮ ಬೀಜ ನಮ್ಮ ಮನೆಯಲ್ಲೂ ಇರಬೇಕು.

ಐದು ಊರು, ಐದು ಕೆಲಸ

ಬರೀ ಭಾಷಣ ಮಾಡಿ ಹೋಗಲು ನಾನು ಬಂದಿಲ್ಲ. ಕೆಲಸ ಹಂಚಿಕೊಳ್ಳೋಣ.

ಚಿಕ್ಕೋಡಿಯವರು ಪಟ್ಟಿ ಮಾಡಿ. ನಿಮ್ಮ ಶಾಲೆ, ಮಠ, ಬಸದಿ, ಹಳೆಯ ಮನೆಗಳ ಅಟ್ಟದಲ್ಲಿ ಯಾವ ಕನ್ನಡ ಪುಸ್ತಕ, ಪತ್ರಿಕೆ, ಕಡತ ಇದೆ? ಹೆಸರು, ಲೇಖಕ, ಅಚ್ಚಿನ ವರ್ಷ, ಮುದ್ರಣಾಲಯ ಬರೆದಿಡಿ. ಏನಿದೆ ಎಂದು ತಿಳಿಯದೆ ಏನು ಕಳೆದುಹೋಯಿತೆಂದು ಗೊತ್ತಾಗದು.

ಅಥಣಿಯವರು ಲೇಖಕರ ಮರಣದ ವರ್ಷ ಹುಡುಕಿ. 60 ವರ್ಷ ದಾಟಿದ್ದರೆ ದಾರಿ ಸುಗಮ. ಸಂಪಾದಕರ ಟಿಪ್ಪಣಿ, ಅನುವಾದ ಇದ್ದರೆ ಅದರ ಹಕ್ಕು ಬೇರೆ, ಜಾಗ್ರತೆ. 60 ದಾಟಿಲ್ಲವೇ? ಮನೆಯವರ ಬಳಿ ಹೋಗಿ ಕೈ ಮುಗಿದು ಒಪ್ಪಿಗೆ ಪತ್ರ ಕೇಳಿ. ಹಕ್ಕುದಾರರು ಒಪ್ಪಿಗೆಯ ಅರ್ಜಿ ತುಂಬಿ ಕಳಿಸಿದರೆ ಹಾಥಿಟ್ರಸ್ಟ್ ಕೂಡ ಪುಸ್ತಕವನ್ನು ಲೋಕಕ್ಕೆಲ್ಲ ತೆರೆಯುತ್ತದೆ. ಬೀಗ ಮುರಿಯಬೇಕಿಲ್ಲ, ಕೀಲಿ ಕೇಳಿದರಾಯಿತು!

ನಿಪ್ಪಾಣಿಯವರು ಸ್ಕ್ಯಾನ್ ಮಾಡಿ. ದುಬಾರಿ ಯಂತ್ರ ಬೇಡ. ಅಲುಗಾಡದ ಸ್ಟ್ಯಾಂಡ್, ಹಗಲು ಬೆಳಕು, ಒಂದು ಒಳ್ಳೆಯ ಮೊಬೈಲು ಸಾಕು. ಪುಸ್ತಕದ ಬೆನ್ನು ಮುರಿಯಬೇಡಿ. ಮುಖಪುಟ, ಅಚ್ಚಿನ ವಿವರದ ಪುಟ ಬಿಡಬೇಡಿ. ಅದೇ ಪುಸ್ತಕದ ಜಾತಕ.

ರಾಯಬಾಗದವರು ಅಕ್ಷರ ತಿದ್ದಿ. ಚಿತ್ರದಿಂದ ಅಕ್ಷರ ಎತ್ತುವ ತಂತ್ರಾಂಶಗಳು ಈಗ ಕನ್ನಡವನ್ನೂ ಓದುತ್ತವೆ, ಆದರೆ ಒತ್ತಕ್ಷರದಲ್ಲಿ ಎಡವುತ್ತವೆ. ಕನ್ನಡ ವಿಕಿಸೋರ್ಸ್‌ನಲ್ಲಿ ಪುಟ ಪುಟ ತಿದ್ದುವ ವ್ಯವಸ್ಥೆ ಇದೆ. ದಿನಕ್ಕೆ ಎರಡು ಪುಟ ತಿದ್ದಿ ಸಾಕು.

ಕಾಗವಾಡದವರು ಪ್ರತಿ ಕಾಯಿರಿ. ಒಂದು ಪ್ರತಿ ಆರ್ಕೈವ್‌ನಲ್ಲಿ, ಒಂದು ಊರಿನ ಗ್ರಂಥಾಲಯದ ಕಂಪ್ಯೂಟರಿನಲ್ಲಿ, ಒಂದು ಹಾರ್ಡ್ ಡಿಸ್ಕಿನಲ್ಲಿ ನಿಮ್ಮ ಕೈಯಲ್ಲಿ. ಜಾಲ ನಿಂತ ದಿನವೂ ಪುಸ್ತಕ ತೆರೆಯಬೇಕು.

ಓದಿ ಬೆಂಗಳೂರು, ಪುಣೆ, ಅಮೆರಿಕ ಸೇರಿದ ಅಣ್ಣ ಅಕ್ಕಂದಿರಿಗೂ ಕೆಲಸವಿದೆ. ಅಮೆರಿಕದಲ್ಲಿದ್ದವರು ಅಲ್ಲಿ ತೆರೆಯುವ ಕನ್ನಡ ಪುಸ್ತಕಗಳ ಪಟ್ಟಿ ಮಾಡಿ ಕಳಿಸಲಿ. ಬೆಂಗಳೂರಿನಲ್ಲಿದ್ದವರು ಸರಕಾರದ ಬಾಗಿಲು ಬಡಿಯಲಿ. 1965ರ ಸಾರ್ವಜನಿಕ ಗ್ರಂಥಾಲಯ ಕಾಯ್ದೆಯಡಿ ನಮ್ಮ ಆಸ್ತಿ ತೆರಿಗೆಯ ಮೇಲೆ ಶೇಕಡಾ 6ರ ಗ್ರಂಥಾಲಯ ಕರ ವಸೂಲಾಗುತ್ತದೆ. ಅದು ನಮ್ಮ ಬೆವರಿನ ದುಡ್ಡು! ಅದರಲ್ಲಿ ಗಡಿ ತಾಲೂಕುಗಳಿಗೆ ಒಂದೊಂದು ಸ್ಕ್ಯಾನರ್ ಕೇಳುವುದು ಭಿಕ್ಷೆಯಲ್ಲ, ಹಕ್ಕು. ಕರ್ನಾಟಕ ಗಡಿ ಪ್ರದೇಶ ಅಭಿವೃದ್ಧಿ ಪ್ರಾಧಿಕಾರವನ್ನೂ ಕೇಳಿ. ಅರ್ಜಿ ಕೊಡಿ, ರಸೀದಿ ಪಡೆಯಿರಿ, ಮತ್ತೆ ಕೇಳಿ.

ಗೆಳೆಯರೇ, ಪ್ರಾಕ್ಸಿಯ ತಂತ್ರ ಕಲಿಯಬೇಡಿ ಎಂದು ನಾನು ಹೇಳಲಿಲ್ಲ. ಕಲಿಯಿರಿ, ಅಪಾಯ ತಿಳಿದು ಬಳಸಿ. ಆದರೆ ಎರವಲು ಅಂಗಿ ತೊಟ್ಟು ಮದುವೆಗೆ ಹೋಗಬಹುದು, ಸಂಸಾರ ಮಾಡಲಾಗದು. ಬೇರೆಯವರ ಹಾಜರಿಯಲ್ಲಿ ನಮ್ಮ ಭಾಷೆ ಪಾಸಾಗುವುದಿಲ್ಲ.

ಮುಂದೊಂದು ದಿನ ಕ್ಯಾನ್ಸಸ್ ಹುಡುಗನೊಬ್ಬ ಕನ್ನಡ ಪುಸ್ತಕ ಹುಡುಕುತ್ತ ಬರಲಿ. ಬಂದವನಿಗೆ ಕಾಗವಾಡದ ಹುಡುಗಿ ಏರಿಸಿದ ಪ್ರತಿ ಸಿಗಲಿ. ಅವನು ಯಾವೂರವನೆಂದು ನಾವು ಕೇಳುವುದು ಬೇಡ. ಕನ್ನಡ ಓದಲು ಬಂದೆಯಾ? ಬಾ, ಬಾಗಿಲು ತೆರೆದಿದೆ ಎನ್ನೋಣ.

ಸಿರಿಗನ್ನಡಂ ಗೆಲ್ಗೆ!